ಈಡೇಲಿನ ಕಾಲುಹಾದಿ

ಹೊಲಕ್ಕೆ ಪಟ್ಟೆಯುಂಟು, ಮನೆಗೆ ಪತ್ರವುಂಟು. ನಡೆದು ನಡೆದು ತಾನಾಗಿಯೇ ಮೂಡಿದ ಕಾಲುಹಾದಿಗೆ ಮಾತ್ರ ಯಾವ ಪತ್ರವೂ ಇಲ್ಲ. ಆದುದರಿಂದ ಅದರ ವಿಷಯದಲ್ಲಿ ವ್ಯಾಜ್ಯವು ಹುಟ್ಟುವುದು ಸುಲಭ, ತೀರುವುದು ಕಷ್ಟ. ಅಂಥದೊಂದು ವ್ಯಾಜ್ಯವನ್ನು ಕಣ್ಣಾರೆ ಕಂಡ ಹಳ್ಳಿ ಇಂಗ್ಲೆಂಡು ದೇಶದ ಡರ್ಬಿಷೈರ್ ಪ್ರಾಂತದಲ್ಲಿರುವ ಈಡೇಲ್.

ಬೆಟ್ಟಗಳ ನಡುವಣ ಕಣಿವೆ. ಕಲ್ಲಿನ ಮನೆಗಳು, ಕಲ್ಲಿನ ಅಡ್ಡಗೋಡೆಗಳು, ಕುರಿಗಳು ಮೇಯುವ ಹಸುರು. ಊರೆಂದರೆ ದೂರದೂರವಾಗಿರುವ ಐದು ಕೇರಿಗಳು. ಪ್ರತಿಯೊಂದರ ಹೆಸರೂ ‘ಬೂತ್’ ಎಂದು ಮುಗಿಯುವುದು. ಹಿಂದೆ ದನಗಾಹಿಗಳು ಹಾಕಿಕೊಳ್ಳುತ್ತಿದ್ದ ಗುಡಿಸಲಿಗೆ ಆ ಹೆಸರು. ಹಟ್ಟಿಯೇ ಬೆಳೆದು ಊರಾದುದನ್ನು ಬಲ್ಲ ಕನ್ನಡಿಗರಿಗೆ ಇದು ಅಪರಿಚಿತವಾಗಿ ತೋರದು. 1894ರಲ್ಲಿ ಇಲ್ಲಿಗೆ ರೈಲು ಬಂದಿತು. ಪಶ್ಚಿಮಕ್ಕೆ ಮ್ಯಾಂಚೆಸ್ಟರಿನ ಹತ್ತಿಗಿರಣಿಗಳು, ಪೂರ್ವಕ್ಕೆ ಷೆಫೀಲ್ಡಿನ ಉಕ್ಕಿನ ಕುಲುಮೆಗಳು. ವಾರವೆಲ್ಲ ಹೊಗೆಯನ್ನುಂಡ ಕೂಲಿಗಾರರು ಭಾನುವಾರದ ದಿನ ಗಾಳಿಯನ್ನರಸಿ ಇತ್ತ ಬರತೊಡಗಿದರು.

ಆದರೆ ಊರಿನ ನೆತ್ತಿಯ ಮೇಲೆಯೇ ಹರಡಿರುವ ಕಿಂಡರ್ ಸ್ಕೌಟ್ ಎಂಬ ಮಹಾಪ್ರಸ್ಥವು ಅವರಿಗೆ ನಿಷಿದ್ಧವಾಗಿತ್ತು. 636 ಮೀಟರ್ ಎತ್ತರದ ಆ ಬೋಳುಬೆಟ್ಟವನ್ನು ಜಮೀನುದಾರರು ಗ್ರೌಸ್ ಎಂಬ ಹಕ್ಕಿಯ ಬೇಟೆಗಾಗಿ ಕಾಯ್ದಿಟ್ಟಿದ್ದರು. ವರ್ಷದಲ್ಲಿ ಕೆಲವೇ ದಿನಗಳ ವಿನೋದಕ್ಕಾಗಿ ವರ್ಷವೆಲ್ಲ ಕಾವಲು. 1932ರ ಏಪ್ರಿಲ್ 24ರಂದು ಬೆನ್ನಿ ರಾತ್‌ಮನ್ ಎಂಬ ಇಪ್ಪತ್ತು ವರ್ಷದ ತರುಣನ ಮುಂದಾಳುತನದಲ್ಲಿ ಸುಮಾರು 400 ಮಂದಿ ಆಚೆಯ ಹೇಫೀಲ್ಡಿನಿಂದ ಬೆಟ್ಟವನ್ನೇರಿದರು. ಷೆಫೀಲ್ಡಿನವರ ಚಿಕ್ಕದೊಂದು ತಂಡವು ಈಡೇಲಿನ ಕಡೆಯಿಂದ ಹತ್ತಿ ಅವರನ್ನು ಕೂಡಿಕೊಂಡಿತು. ಕಾವಲುಗಾರರೊಡನೆ ತಳ್ಳಾಟವಾಯಿತು. ಪರರ ನೆಲವನ್ನು ಮೆಟ್ಟಿದ ಮಾತ್ರಕ್ಕೆ ಸೆರೆಗೆ ಹಾಕಲು ಆ ದೇಶದ ಕಾನೂನಿನಲ್ಲಿ ಅವಕಾಶವಿರಲಿಲ್ಲ; ಗಲಭೆ, ಹಲ್ಲೆ ಮೊದಲಾದ ಆರೋಪಗಳನ್ನು ಹೊರಿಸಿ ಐವರನ್ನು ಎರಡರಿಂದ ಆರು ತಿಂಗಳವರೆಗೆ ಸೆರೆಯಲ್ಲಿರಿಸಿದರು.

ಶಿಕ್ಷೆಯು ಅತಿಯಾದಾಗ ಅದು ಶಿಕ್ಷಿತನ ಪಕ್ಷವನ್ನೇ ಬಲಪಡಿಸುವುದುಂಟು. ಮೊದಲು ಈ ಸಾಹಸವನ್ನು ಮೆಚ್ಚದಿದ್ದವರೂ ತೀರ್ಪನ್ನು ಕೇಳಿ ಮರುಗಿದರು. 1949ರಲ್ಲಿ ರಾಷ್ಟ್ರೀಯೋದ್ಯಾನಗಳ ಶಾಸನವಾಯಿತು. 1951ರಲ್ಲಿ ಈ ಸೀಮೆಯೇ ಬ್ರಿಟನ್ನಿನ ಮೊದಲನೆಯ ರಾಷ್ಟ್ರೀಯೋದ್ಯಾನವಾಯಿತು. 1965ರಲ್ಲಿ, ಅದೇ ಏಪ್ರಿಲ್ 24ರಂದು, ಈಡೇಲಿನಿಂದ ಸ್ಕಾಟ್ಲೆಂಡಿನ ಗಡಿಯಾಚೆಯವರೆಗೆ 268 ಮೈಲಿಗಳ ಪೆನೈನ್ ಹಾದಿಯು ತೆರೆಯಿತು. ಬೋಳುಬೆಟ್ಟಗಳಲ್ಲಿ ಸ್ವೇಚ್ಛೆಯಾಗಿ ನಡೆಯುವ ಹಕ್ಕು ದೊರೆತದ್ದು 2000ದ ಶಾಸನದಿಂದ.

ಕಥೆಯು ಇಲ್ಲಿಗೇ ಮುಗಿದಿದ್ದರೆ ಎಲ್ಲರಿಗೂ ಸಂತೋಷ. ಆದರೆ ಹಕ್ಕು ಕೈಸೇರಿದ ಮೇಲೆಯೇ ಅದರ ಹೊಣೆ ತಿಳಿಯುವುದು. ಕಿಂಡರಿನ ನೆತ್ತಿಯು ಸಾವಿರಾರು ವರ್ಷ ಪಾಚಿ ಕೊಳೆತು ಆದ ಕರಿಯ ಜವುಗುಮಣ್ಣು. ಗಿರಣಿಗಳ ಹೊಗೆಯು ಆ ಪಾಚಿಯನ್ನು ಕೊಂದಿತು. ಬೆಂಕಿ, ಕುರಿಗಳ ಬಾಯಿ, ಮಳೆಗಾಳಿಗಳು ಮಣ್ಣನ್ನು ಬರಿದುಮಾಡಿದವು. ಹಾದಿಯುದ್ದಕ್ಕೂ ಲಕ್ಷಾಂತರ ಪಾದಗಳು ಗಾಯವನ್ನು ಅಗಲಿಸಿದವು. ಊರಿನಿಂದ ನೇರವಾಗಿ ಮೇಲೇರುತ್ತಿದ್ದ ಮೊದಲಿನ ಮಾರ್ಗವನ್ನು ಬಿಟ್ಟು, ಪೆನೈನ್ ಹಾದಿಯನ್ನು ಅಪ್ಪರ್ ಬೂತಿನ ಕಡೆಯಿಂದ ಸುತ್ತುಹಾಕಿಸಬೇಕಾಯಿತು. ಕುರಿಗಾರನ ಕಷ್ಟವೂ ಸುಳ್ಳಲ್ಲ. ದಾರಿಗನು ಮರೆತು ತೆರೆದಿಟ್ಟ ಒಂದು ದಡ್ಡೆ, ಹಗ್ಗವಿಲ್ಲದೆ ಬಿಟ್ಟ ಒಂದು ನಾಯಿ ಸಾಕು, ಮರಿಹಾಕುವ ಕಾಲದಲ್ಲಿ ಅವನ ವರ್ಷದ ಗಳಿಕೆಗೆ ಕುತ್ತು ಬರುವುದು.

ಈಗ ಅಲ್ಲಿ ಬಲೆಯಷ್ಟೇ ತಾಳ್ಮೆಯಿಂದ ನೇಯುವ ಕೆಲಸವೊಂದು ನಡೆದಿದೆ. ಸುಣ್ಣವೆರಚಿ, ಹುಲ್ಲು ಬಿತ್ತಿ, ಪಾಚಿಯ ಸಸಿಗಳನ್ನು ಕೈಯಿಂದ ನೆಟ್ಟು ಬೆಟ್ಟಕ್ಕೆ ಮತ್ತೆ ಚರ್ಮವನ್ನು ಹೊದಿಸುತ್ತಿದ್ದಾರೆ. ಪೆನೈನ್ ಹಾದಿಯ ಕೆಸರು ಹೆಚ್ಚಿದ ಕಡೆಗಳಲ್ಲಿ, ಮುಚ್ಚಿಹೋದ ಹತ್ತಿಗಿರಣಿಗಳ ನೆಲದಿಂದ ಕಿತ್ತ ಚಪ್ಪಡಿಗಳನ್ನು ಹಾಸಿದ್ದಾರೆ. ಯಾವ ಕಲ್ಲಿನ ಮೇಲೆ ನಿಂತು ಕೂಲಿಗಾರರು ಬೆಟ್ಟದ ಗಾಳಿಗಾಗಿ ಹಂಬಲಿಸಿದರೋ, ಅದೇ ಕಲ್ಲು ಇಂದು ಬೆಟ್ಟದ ಮೇಲೆ ಅವರ ಮೊಮ್ಮಕ್ಕಳ ಪಾದವನ್ನು ಹೊರುತ್ತಿದೆ. ಪಾದದ ಭಾರದಿಂದ ಬೆಟ್ಟವನ್ನೂ ಕಾಯುತ್ತಿದೆ.