ಮರಳುದಿಬ್ಬದ ಒಕ್ಕಲುಗಳು

ಕ್ಲರ್ಮಾಂಟ್, ಫ್ಲಾರಿಡಾ

ಮಾರ್ಚ್ 23, 2024, ಶನಿವಾರ

ಬಡಾವಣೆಯ ಹಿಂದಿನ ಖಾಲಿ ದಿಬ್ಬಕ್ಕೆ ಇವತ್ತು ಸರ್ವೆಯವರು ಬಂದಿದ್ದರು. ಬೇಲಿಯ ಈಚೆ ನಿಂತು ಕಾಫಿ ಕುಡಿಯುತ್ತಾ ನೋಡಿದೆ. ಇಬ್ಬರು ಸಮದೂರದಲ್ಲಿ ಸಾಲು ಹಿಡಿದು ಹುಲ್ಲಿನಲ್ಲಿ ನಡೆಯುತ್ತಾರೆ, ಬಿಲ ಕಂಡಲ್ಲಿ ಗುಲಾಬಿ ರಿಬ್ಬನ್ನಿನ ಕಡ್ಡಿ ನೆಡುತ್ತಾರೆ. ಗೋಫರ್ ಆಮೆಯ ಬಿಲಗಳು. ಕಟ್ಟುವ ಮೊದಲು ಇವನ್ನು ಗುರುತಿಸಬೇಕು. ಅಂದರೆ ಜಾಗ ಮಾರಾಟವಾಗಿದೆ, ಮನೆಗಳು ಏಳುತ್ತವೆ.

ಈ ಬಿಲ ಗುರುತಿಸುವುದು ಕಷ್ಟವಲ್ಲ. ಬಾಯಿಯ ಕೆಳಗಡೆ ಚಪ್ಪಟೆ, ಮೇಲೆ ಕಮಾನು. ಎದುರಿಗೆ ಒಳಗಿಂದ ತೋಡಿ ತಳ್ಳಿದ ಮರಳಿನ ಹರವು. ಆರ್ಮಡಿಲೊ ತೋಡಿದ್ದಾದರೆ ಬಾಯಿ ಗುಂಡಗಿರುತ್ತದೆ. ಆಮೆ ಎಷ್ಟು ಉದ್ದವೋ ಬಿಲ ಸುಮಾರಾಗಿ ಅಷ್ಟೇ ಅಗಲ. ಒಳಗೆ ಎಲ್ಲಿ ಬೇಕಾದರೂ ತಿರುಗಿ ನಿಲ್ಲಬಹುದು. ಸಾಮಾನ್ಯವಾಗಿ 15 ಅಡಿ ಉದ್ದ, ಆರೇಳು ಅಡಿ ಆಳ. 40 ಅಡಿ ಮೀರಿದ ಬಿಲಗಳನ್ನೂ ಅಳೆದಿದ್ದಾರೆ. ಅಡಿ ಉದ್ದವೂ ಇಲ್ಲದ, ನಾಲ್ಕೈದು ಕಿಲೋ ತೂಗುವ ಪ್ರಾಣಿ ಬರೀ ಮುಂಗಾಲುಗಳಿಂದ ಮಾಡುವ ಕೆಲಸ ಇದು.

ಈ ದಿಬ್ಬಗಳು ಹಿಂದಿನ ಕಾಲದ ಸಮುದ್ರತೀರದ ಮರಳು. ಮೊದಲು ಇಲ್ಲಿ ಲಾಂಗ್‌ಲೀಫ್ ಪೈನ್ ಕಾಡು, ಆಮೇಲೆ ಕಿತ್ತಳೆ ತೋಟ. 1980ರ ದಶಕದಲ್ಲಿ ಮೇಲಿಂದ ಮೇಲೆ ಬಂದ ಹಿಮಕ್ಕೆ ಕಿತ್ತಳೆ ಸತ್ತಿತು, ರೈತರು ಜಮೀನು ಮಾರಿದರು. ತೋಟಗಳ ನೋಟ ನೋಡಲೆಂದೇ 1956ರಲ್ಲಿ ಕಟ್ಟಿದ ಸಿಟ್ರಸ್ ಟವರ್ ಇನ್ನೂ ನಿಂತಿದೆ. ಮೇಲೆ ಹತ್ತಿದರೆ ಈಗ ಕಾಣುವುದು ಮನೆಗಳ ಚಾವಣಿ. ಅದರಲ್ಲಿ ನಮ್ಮದೂ ಒಂದು, ನಿಜ.

ಏಪ್ರಿಲ್ 9, ಮಂಗಳವಾರ

ಯುಗಾದಿ. ಅಮ್ಮ ಹೋದ ವಾರ ಮುಳಬಾಗಿಲಿನಿಂದ ಬಂದಿದ್ದಾಳೆ. ಒಬ್ಬಟ್ಟು ತಿಂದು ಮಲಗುವ ಬದಲು ನನ್ನನ್ನು ಬೇಲಿಯ ಹತ್ತಿರಕ್ಕೆ ಎಳೆದುಕೊಂಡು ಹೋದಳು. ಬಿಸಿಲು ಏರುತ್ತಿದ್ದಂತೆ ದೊಡ್ಡ ಆಮೆ ಹೊರಗೆ ಬಂದು ಹುಲ್ಲು ಕತ್ತರಿಸತೊಡಗಿತು. ಮುಂಗಾಲು ಅಗಲ, ಚಪ್ಪಟೆ, ಅಗೆಯಲೆಂದೇ ಮಾಡಿದ್ದು. ಹಿಂಗಾಲು ಆನೆಯ ಕಾಲಿನ ಥರ ದುಂಡು.

ಬಿಲದೊಳಗೆ ಬೇರೆ ಪ್ರಾಣಿಗಳೂ ಇರುತ್ತವೆ ಅಂದಾಗ ಅಮ್ಮ ತಟ್ಟನೆ, "ಗೆದ್ದಲು ಕಟ್ಟಿದ ಹುತ್ತ, ಹಾವು ಸೇರಿಕೊಂಡಂಗೆ" ಅಂದಳು. ಪೂರ್ತಿ ಹಾಗಲ್ಲ. ಗಾದೆಯ ಹಾವು ಕಟ್ಟಿದವರನ್ನು ಹೊರಗಟ್ಟುತ್ತದೆ. ಇಲ್ಲಿ ಯಜಮಾನನೂ ಇದ್ದಾನೆ, ಒಕ್ಕಲುಗಳೂ ಇದ್ದಾರೆ, ಎಲ್ಲ ಒಂದೇ ಸೂರಿನಡಿ. ಈ ಬಿಲಗಳಲ್ಲಿ ಕಂಡ ಜೀವಿಗಳನ್ನು ಸಂಶೋಧಕರು ಪಟ್ಟಿ ಮಾಡಿದ್ದಾರೆ: ಸುಮಾರು 360 ಬಗೆ. ಬಹುಪಾಲು ಹುಳುಹುಪ್ಪಟೆ. ಗೋಫರ್ ಕಪ್ಪೆ, ಫ್ಲಾರಿಡಾ ಇಲಿ, ಪೈನ್ ಹಾವು, ಡೈಮಂಡ್‌ಬ್ಯಾಕ್ ಬುಡುಬುಡಿಕೆ ಹಾವು. ಆ ವಿಷದ ಹಾವನ್ನೇ ಹಿಡಿದು ನುಂಗುವ ಇಂಡಿಗೊ ಹಾವು ಕೂಡ. ನೀಲಿ ಹೊಳಪಿನ ಕಪ್ಪು ಮೈ, ಎಂಟಡಿ ದಾಟಿ ಬೆಳೆಯುತ್ತದೆ, ವಿಷವಿಲ್ಲ. ಹೊರಗೆ ಕಾಡು ಹೊತ್ತಿ ಉರಿದರೂ, ಹಿಮ ಬಿದ್ದರೂ ಕೆಳಗೆ ಹದವಾದ ತಂಪು, ಹದವಾದ ತೇವ. ಬೇಟೆಯೂ ಬೇಟೆಗಾರನೂ ಬೆಂಕಿಯ ದಿನ ಒಂದೇ ಬಿಲದಲ್ಲಿ ಕೂರುತ್ತಾರೆ.

ನನಗೆ ಎಲ್ಲಕ್ಕಿಂತ ಇಷ್ಟವಾದದ್ದು ಒಂದು ಪತಂಗ. ಅದರ ಮರಿಹುಳು ಸತ್ತ ಗೋಫರ್ ಆಮೆಯ ಚಿಪ್ಪಿನ ಕೆರಾಟಿನ್ ತಿಂದು ಬದುಕುತ್ತದೆ. ಚಿಪ್ಪಿನಡಿಯಿಂದ ನೆಲದೊಳಕ್ಕೆ ರೇಷ್ಮೆ, ಮರಳು ಸೇರಿಸಿ ಸಣ್ಣ ಕೊಳವೆ ಕಟ್ಟಿಕೊಳ್ಳುತ್ತದೆ. ಆಮೆ ಅರವತ್ತು ವರ್ಷ ಬಾಳಿ ಸತ್ತಾಗ ಇದರ ಸರದಿ. ಎಷ್ಟು ತಾಳ್ಮೆಯ ಕಸುಬು!

ಮೇ 2, ಗುರುವಾರ

ಸಿಟ್ಟು ಬಂದಿದೆ, ಅದಕ್ಕೇ ಬರೆಯುತ್ತಿದ್ದೇನೆ. ಸ್ಪ್ಲಿಟ್ ಓಕ್ ಕಾಡಿನ ಅಂಚಿನಲ್ಲಿ ಹೆದ್ದಾರಿ ಹಾಕಲು ರಾಜ್ಯದ ವನ್ಯಜೀವಿ ಆಯೋಗ ನಿನ್ನೆ ಒಪ್ಪಿಗೆ ಕೊಟ್ಟಿದೆ. 60 ಎಕರೆ ಹೋಗುತ್ತದೆ, ಬದಲಿಗೆ ಪಕ್ಕದಲ್ಲಿ 1,550 ಎಕರೆ ಸಿಗುತ್ತದೆ. ಲೆಕ್ಕ ನೋಡಿದರೆ ಲಾಭವೇ. ಆದರೆ ಆ ಕಾಡು 1994ರಲ್ಲಿ ಉಳಿದದ್ದು ಯಾಕೆ? ಬೇರೆ ಕಡೆ ಮನೆ ಕಟ್ಟುವವರು ಕಳೆದ ಆಮೆಯ ನೆಲಕ್ಕೆ ಪರಿಹಾರವಾಗಿ ಕೊಟ್ಟ ಹಣದ ನೆರವಿನಿಂದ. ಶಾಶ್ವತ ಎಂಬ ಮಾತಿನ ಮೇಲೆ. 2020ರಲ್ಲಿ ಆರೆಂಜ್ ಕೌಂಟಿಯ ಜನ ಈ ಕಾಡಿನ ರಕ್ಷಣೆಗೆ ಭಾರೀ ಬಹುಮತದಿಂದ ಮತ ಹಾಕಿದ್ದರು. ಶಾಶ್ವತಕ್ಕೆ ಮೂವತ್ತು ವರ್ಷದ ಆಯಸ್ಸು. ಗೋಫರ್ ಆಮೆಗೆ ಅದಕ್ಕಿಂತ ಹೆಚ್ಚು.

ಕಾನೂನಿನ ಚರಿತ್ರೆಯೂ ಹೀಗೇ ಅಡ್ಡಾದಿಡ್ಡಿ. 1930ರ ದಶಕದ ಬಡತನದಲ್ಲಿ ಜನ ಈ ಆಮೆಯನ್ನು ಹಿಡಿದು ತಿಂದರು. ಅಧ್ಯಕ್ಷ ಹೂವರ್‌ನನ್ನು ಹಂಗಿಸಿ 'ಹೂವರ್ ಕೋಳಿ' ಅನ್ನುತ್ತಿದ್ದರಂತೆ. ಫ್ಲಾರಿಡಾದಲ್ಲಿ ಹಿಡಿದು ತಿನ್ನುವುದು ನಿಂತದ್ದು 1988ರಲ್ಲಿ. ಅದಾದ ಮೇಲೂ 2007ರವರೆಗೆ ಬಿಲ್ಡರುಗಳು ದುಡ್ಡು ಕಟ್ಟಿ ಪರವಾನಗಿ ಪಡೆದು, ಆಮೆ ಒಳಗಿದ್ದಂತೆಯೇ ಬಿಲ ಮುಚ್ಚಬಹುದಿತ್ತು. ನಿಧಾನ ಉಸಿರಾಡುವ ಪ್ರಾಣಿ. ಸಾಯಲು ವಾರಗಟ್ಟಲೆ ಹಿಡಿಯುತ್ತಿತ್ತು. ಅಂಥ ಚೀಟಿಗಳು ಸಾವಿರಾರು ಆಮೆಗಳ ಮೇಲೆ ಬಿದ್ದವು. ಈಗ ನೆಲ ಮುಟ್ಟುವ ಮೊದಲು ಆಮೆಯನ್ನು ಸಾಗಿಸಬೇಕು, ಬಿಲದಿಂದ 25 ಅಡಿಯೊಳಗೆ ಯಂತ್ರ ಬರಕೂಡದು. ಕೇಂದ್ರ ಸರ್ಕಾರ ಅಲಬಾಮಾದ ಮೊಬೈಲ್ ಮತ್ತು ಟೊಂಬಿಗ್ಬಿ ನದಿಗಳ ಪಶ್ಚಿಮಕ್ಕಿರುವ ಆಮೆಗಳನ್ನು ಮಾತ್ರ 1987ರಲ್ಲಿ ಅಪಾಯದ ಪಟ್ಟಿಗೆ ಸೇರಿಸಿತು. ಪೂರ್ವದವಕ್ಕೆ ಅದು ಬೇಡ ಎಂದು 2022ರ ಅಕ್ಟೋಬರಿನಲ್ಲಿ ತೀರ್ಮಾನಿಸಿತು. ನದಿ ದಾಟಿದರೆ ಭವಿಷ್ಯ ಬೇರೆ.

ಜೂನ್ 11, ಮಂಗಳವಾರ

ರಜೆ ಹಾಕಿದ್ದೆ. ಬೆಳಿಗ್ಗೆ ಏಳಕ್ಕೇ ಬ್ಯಾಕ್‌ಹೋ ಬಂತು, ಜೊತೆಗೆ ಪರವಾನಗಿ ಪಡೆದ ಆಮೆ ಏಜೆಂಟ್, ಬಿಸಿಲಿಗೆ ಸುಟ್ಟು ಕೆಂಪಾದ ಮುಖದ ಹೆಂಗಸು. ಬೇಲಿಯ ಈಚೆ ನಿಂತು ನಾನು ಕೇಳಿದ ಪ್ರಶ್ನೆಗೆಲ್ಲ ಬೇಸರಿಸದೆ ಉತ್ತರಿಸಿದಳು.

ಮೊದಲು ಬಿಲದ ಮುಂದಿನ ಮರಳನ್ನು ಕೈಯಿಂದಲೇ ಪದರ ಪದರವಾಗಿ ಕೆರೆದಳು. ಮೇ, ಜೂನ್ ಮೊಟ್ಟೆಯ ಕಾಲ, ಎಷ್ಟೋ ಹೆಣ್ಣುಗಳು ಅಲ್ಲೇ ಹೂಳುತ್ತವೆ. ಸಿಕ್ಕ ಬಿಳಿ ಗುಂಡು ಮೊಟ್ಟೆಗಳನ್ನು ಇದ್ದ ಭಂಗಿಯಲ್ಲೇ, ಹೊರಳಿಸದೆ ಮರಳ ಡಬ್ಬಿಗೆ ಇಳಿಸಿದಳು. ಹೊರಳಿದರೆ ಒಳಗಿನ ಭ್ರೂಣ ಸಾಯಬಹುದು. ಇವುಗಳಲ್ಲಿ ಗಂಡೋ ಹೆಣ್ಣೋ ಎಂಬುದನ್ನು ಮರಳಿನ ಬಿಸಿ ನಿರ್ಧರಿಸುತ್ತದೆ: ಬಿಸಿ ಹೆಚ್ಚಾದರೆ ಹೆಣ್ಣು.

ಆಮೇಲೆ ಬಿಲದೊಳಗೆ ಪ್ಲಾಸ್ಟಿಕ್ ಕೊಳವೆ ತೂರಿಸಿದರು. ಬಿಲ ಎತ್ತ ತಿರುಗಿದೆ ಎಂದು ಕೊಳವೆ ಹೇಳುತ್ತದೆ, ಬ್ಯಾಕ್‌ಹೋ ಅದರ ಜಾಡು ಹಿಡಿದು ಮೇಲಿನ ಮಣ್ಣನ್ನು ಕೆರೆಯುತ್ತದೆ. ಕೊನೆಯ ಕೆಲವು ಅಡಿ ಸಲಿಕೆ, ಆಮೇಲೆ ಕೈ. ಚಾಲಕನ ಕೈಚಳಕಕ್ಕೆ ಬೆರಗಾದೆ. ಅಷ್ಟು ದೊಡ್ಡ ಬಕೆಟ್ಟಿನಿಂದ ಅವನು ಮರಳನ್ನು ನಯವಾಗಿ ಸವರಿ ತೆಗೆಯುತ್ತಿದ್ದ. ಮಧ್ಯದಲ್ಲಿ ಒಂದು ದಪ್ಪ ಗೋಫರ್ ಕಪ್ಪೆ ಹಾರಿ ಬಿತ್ತು. ತಳ ಸಿಕ್ಕಾಗ ಅಮ್ಮ ದಿನಾ ನೋಡುತ್ತಿದ್ದ ಆಮೆಯೇ ಬಂತು, ಮೈತುಂಬ ಮರಳು, ಕಾಲು ಒಳಗೆಳೆದುಕೊಂಡು. ಅಳೆದರು, ತೂಗಿದರು, ಚಿಪ್ಪಿನ ಅಂಚಿನಲ್ಲಿ ಗುರುತು ಮಾಡಿದರು, ಡಬ್ಬಿಗೆ ಹಾಕಿದರು. ಕಪ್ಪೆಯನ್ನು ಅವಳು ಆಚೆ ಪೊದೆಯ ಬದಿಗೆ ಬಿಟ್ಟಳು.

ಆಮೆ ಹೋಗುವುದು ಉತ್ತರದ ಕಡೆ. ಅಲ್ಲಿ ಬಟ್ಟೆಯ ಗಿಡ್ಡ ಬೇಲಿಯೊಳಗೆ ಆರು ತಿಂಗಳಾದರೂ ಇಡಬೇಕು. ಇಲ್ಲದಿದ್ದರೆ ಆಮೆ ಹಳೆಯ ಊರಿನ ದಿಕ್ಕು ಹಿಡಿದು ನಡೆಯತೊಡಗುತ್ತದೆ. ಬಿಲ್ಡರ್ ಒಂದೊಂದು ಆಮೆಗೂ ಸಾವಿರಾರು ಡಾಲರ್ ತೆರುತ್ತಾನೆ, ಅದೇ ಹಣಕ್ಕೆ ಜಮೀನಿನವರು ಕಾಡು ಉಳಿಸಿಕೊಳ್ಳುತ್ತಾರೆ. ವ್ಯಾಪಾರವಾದರೂ ಕೆಟ್ಟ ವ್ಯಾಪಾರವಲ್ಲ. ವಾಲ್ಟನ್ ಕೌಂಟಿಯಲ್ಲಿ ಇಂಥ ಆಮೆಗಳು ಸೇರುವ ನೊಕೂಸೆ ಎಂಬ ಕಾಡು ಬೆಳೆದದ್ದು ಎಂ.ಸಿ. ಡೇವಿಸ್ ಎಂಬ ಉದ್ಯಮಿಯ ಹುಚ್ಚಿನಿಂದ. ಟ್ಯಾಂಪಾ ಹತ್ತಿರ ಟ್ರಾಫಿಕ್ಕಿನಲ್ಲಿ ಸಿಕ್ಕಿಬಿದ್ದು, ಬೇಸರ ಕಳೆಯಲು ರಸ್ತೆಬದಿಯ ಶಾಲೆಯೊಂದರಲ್ಲಿ ಕಪ್ಪು ಕರಡಿಯ ಬಗ್ಗೆ ನಡೆಯುತ್ತಿದ್ದ ಉಪನ್ಯಾಸಕ್ಕೆ ಹೋದನಂತೆ. ಆಮೇಲೆ ಐವತ್ತು ಸಾವಿರ ಎಕರೆಗೂ ಹೆಚ್ಚು ನೆಲ ಕೊಂಡು ಕಾಡಿಗೆ ಬಿಟ್ಟ. 2015ರಲ್ಲಿ ತೀರಿಕೊಂಡ. ಮುಚ್ಚಿಹೋಗಬೇಕಿದ್ದ ಸಾವಿರಾರು ಆಮೆಗಳು ಅಲ್ಲಿ ಸೇರಿವೆ.

ಸಂಜೆಯ ಹೊತ್ತಿಗೆ ದಿಬ್ಬ ಮಟ್ಟಸವಾಗಿತ್ತು. ಲೆಕ್ಕದ ಪುಸ್ತಕದಲ್ಲಿ ಒಂದು ಆಮೆಯೂ ಸಾಯಲಿಲ್ಲ. ಆದರೆ ಪರವಾನಗಿಯಲ್ಲಿ ಇರುವುದು ಆಮೆಯ ಹೆಸರು ಮಾತ್ರ. ಮರಳಿನಲ್ಲಿದ್ದ ಉಳಿದವರಿಗೆ ಬೇಲಿಯೂ ಇಲ್ಲ, ಡಬ್ಬಿಯೂ ಇಲ್ಲ, ಲಾರಿಯೂ ಇಲ್ಲ. ನಾವು ಯಜಮಾನನನ್ನು ಸಾಗಿಸಿ ಮನೆ ಕೆಡವಿದೆವು.

ಆಗಸ್ಟ್ 25, ಭಾನುವಾರ

ಅಮ್ಮನನ್ನು ಲೇಕ್ ಲೂಯಿಸಾ ಉದ್ಯಾನಕ್ಕೆ ಕರೆದುಕೊಂಡು ಹೋಗಿದ್ದೆ. ಅದೂ ಒಂದು ಕಾಲದಲ್ಲಿ ಕಿತ್ತಳೆ ತೋಟವೇ. ಈಗ ಮತ್ತೆ ಲಾಂಗ್‌ಲೀಫ್ ಪೈನ್ ನೆಟ್ಟು ಬೆಳೆಸಿದ್ದಾರೆ. ದಾರಿಯಂಚಿನಲ್ಲಿ ಒಂದು ಮರಿ ಸಿಕ್ಕಿತು. ಎರಡು ಇಂಚು, ಹಳದಿ ಕಿತ್ತಳೆ ಮಿಶ್ರ ಬಣ್ಣ. ಚಿಪ್ಪು ಇನ್ನೂ ಮೆತ್ತಗಿರುವ ವಯಸ್ಸು. ಮುಟ್ಟಲಿಲ್ಲ. ಹತ್ತು ಗೂಡಿನಲ್ಲಿ ಎಂಟೊಂಬತ್ತು ರಕೂನ್, ಆರ್ಮಡಿಲೊ, ನರಿಗಳ ಪಾಲು. ಮರಿಗಳ ಬೆನ್ನಿಗೆ ಬೆಂಕಿ ಇರುವೆ. ಬದುಕಿದರೂ ಮೊಟ್ಟೆ ಇಡುವ ಪ್ರಾಯ ಬರಲು ಹತ್ತರಿಂದ ಇಪ್ಪತ್ತು ವರ್ಷ. ಹಾಗಾಗಿ ಬೆಳೆದ ಒಂದು ಹೆಣ್ಣು ರಸ್ತೆಯಲ್ಲಿ ಕಾರಿಗೆ ಸಿಕ್ಕರೆ ಆ ನಷ್ಟ ತುಂಬುವುದು ಸುಲಭವಲ್ಲ.

ಅಮ್ಮನಿಗೆ ಕಡಲೆಕಾಯಿ ಹೊಲ ನೆನಪಾಯಿತು. ಅವಳ ಚಿಕ್ಕಂದಿನಲ್ಲಿ ಮಳೆ ಬಿದ್ದ ಮಾರನೆ ದಿನ ಬದುವಿನ ಮೇಲೆ ನಕ್ಷತ್ರ ಆಮೆ ಕಾಣುತ್ತಿತ್ತಂತೆ. "ಎತ್ತಿ ಬೇಲಿ ಆಚೆ ಬಿಡ್ತಿದ್ವಿ, ಅಷ್ಟೇ." ಈಗ ಅದನ್ನು ಮನೆಯಲ್ಲಿಟ್ಟರೆ ಅದೃಷ್ಟ ಎಂದು ನಂಬುವವರಿದ್ದಾರೆ, ಹೊರದೇಶಕ್ಕೆ ಚೀಲದಲ್ಲಿ ತುಂಬಿ ಕಳಿಸುವವರೂ ಇದ್ದಾರೆ. 2019ರಲ್ಲಿ ಇದನ್ನು ವನ್ಯಜೀವಿಗಳ ಅಂತರರಾಷ್ಟ್ರೀಯ ವ್ಯಾಪಾರ ಒಪ್ಪಂದದ ಮೊದಲ ಪಟ್ಟಿಗೆ ಏರಿಸಿದ್ದಾರೆ. ಇಲ್ಲಿಯ ಆಮೆಗೆ ನೆಲದ ಬೆಲೆ ಶತ್ರು, ನಮ್ಮೂರಿನದಕ್ಕೆ ಅದರದೇ ಚೆಲುವು.

ಅಕ್ಟೋಬರ್ 11, ಶುಕ್ರವಾರ

ಮಿಲ್ಟನ್ ಚಂಡಮಾರುತ ದಾಟಿ ಹೋಯಿತು. ಎರಡು ದಿನ ಕರೆಂಟಿಲ್ಲ, ಬೇಲಿ ಬಿದ್ದಿದೆ, ಮಿಕ್ಕಂತೆ ಕ್ಷೇಮ. ನೀರು ನಿಂತ ರಸ್ತೆಯಲ್ಲಿ ಪಕ್ಕದ ಮನೆಯ ಹುಡುಗನಿಗೆ ಗೋಫರ್ ಆಮೆ ಸಿಕ್ಕಿತ್ತು. ಪಾಪ, ಕೆರೆಗೆ ಬಿಡಲು ಹೊರಟಿದ್ದ. ಓಡಿ ತಡೆದೆ. ಇದು ನೆಲದ ಆಮೆ, ಈಜುಗಾಲಿಲ್ಲ. ಕರಾವಳಿಯಲ್ಲಿ ಒಳ್ಳೆಯ ಮನಸ್ಸಿನವರೇ ಇದನ್ನು ಕಡಲಾಮೆ ಅಂದುಕೊಂಡು ಅಲೆಗೆ ಬಿಟ್ಟು ಮುಳುಗಿಸಿಬಿಡುತ್ತಾರೆ. ಅದು ಹೊರಟಿದ್ದ ದಿಕ್ಕಿಗೇ ರಸ್ತೆಯಾಚೆ, ಎತ್ತರದ ಒಣನೆಲದಲ್ಲಿ ಬಿಟ್ಟೆವು.

ಜನವರಿ 18, 2025, ಶನಿವಾರ

ಬಡಾವಣೆಯ ವಾಟ್ಸ್ಯಾಪ್ ಗುಂಪಿನಲ್ಲಿ ಜಗಳ. ಲೇಕ್ ಲೂಯಿಸಾ ಉದ್ಯಾನದವರು ಯೋಜಿತ ಬೆಂಕಿ ಹಾಕುತ್ತಾರೆ ಎಂಬ ಸುದ್ದಿ ಬಂದಿದೆ. ಹೊಗೆ ಬರುತ್ತದೆ, ನಿಲ್ಲಿಸಿ ಎಂದು ಮನವಿಗೆ ಸಹಿ ಸಂಗ್ರಹ. ಮುಂದೆ ನಿಂತಿರುವವರಲ್ಲಿ ಕಾರಿನ ಹಿಂದೆ ಆಮೆಯ ಚಿತ್ರದ ನಂಬರ್ ಪ್ಲೇಟ್ ಹಾಕಿಕೊಂಡವರೂ ಇದ್ದಾರೆ.

ಒಂದು ಕಾಲಕ್ಕೆ 9 ಕೋಟಿ ಎಕರೆ ಹಬ್ಬಿದ್ದ ಲಾಂಗ್‌ಲೀಫ್ ಕಾಡಿನಲ್ಲಿ ಉಳಿದಿರುವುದು ಶೇ. 5ರ ಆಸುಪಾಸು. ಆ ಕಾಡು ಬೆಂಕಿಗೆ ಒಗ್ಗಿ ಬೆಳೆದದ್ದು. ಎರಡರಿಂದ ಐದು ವರ್ಷಕ್ಕೊಮ್ಮೆ ನೆಲದ ಮಟ್ಟಕ್ಕೆ ಉರಿದು ಹೋದರೆ ಹುಲ್ಲು ಚಿಗುರುತ್ತದೆ. ವೈರ್‌ಗ್ರಾಸ್ ಎಂಬ ಹುಲ್ಲು ಚೆನ್ನಾಗಿ ಹೂಬಿಟ್ಟು ಬೀಜ ಕಟ್ಟುವುದೂ ಬೆಂಕಿಯ ನಂತರವೇ. ಉರಿಸದೆ ಬಿಟ್ಟರೆ ಓಕ್ ಪೊದೆ ಮೇಲೆದ್ದು ನೆರಳು ಕವಿಯುತ್ತದೆ, ಹುಲ್ಲು ಸಾಯುತ್ತದೆ. ಬುಲ್ಡೋಜರ್ ಬರದಿದ್ದರೂ ಆಮೆ ಆ ಜಾಗ ಬಿಟ್ಟು ಬಿಸಿಲು ಹುಡುಕಿಕೊಂಡು ರಸ್ತೆಯಂಚಿಗೆ ಬರುತ್ತದೆ. ಅಂದರೆ ಮನೆ ನಿಂತ ಜಾಗದಲ್ಲಷ್ಟೇ ಅಲ್ಲ, ಮನೆಯವರ ಹೊಗೆಯ ಹೆದರಿಕೆ ಮುಟ್ಟುವಷ್ಟು ದೂರಕ್ಕೂ ನಾವು ಕಾಡು ತಿನ್ನುತ್ತೇವೆ.

ಮಗಳಿಗೆ ಆಸ್ತಮಾ ಇದೆ. ಹೆಂಡತಿ ಮನವಿಯ ಕಡೆ, ಅವಳ ಮಾತಿನಲ್ಲಿ ತಪ್ಪಿಲ್ಲ. ಊಟದ ಹೊತ್ತಿನಲ್ಲಿ ಬಿಸಿ ಬಿಸಿ ವಾದ ಆಯಿತು. ಬೆಂಕಿಯ ದಿನ ಮಗಳನ್ನು ಕರೆದುಕೊಂಡು ಅವಳು ಒರ್ಲಾಂಡೊದ ತಂಗಿಯ ಮನೆಗೆ ಹೋಗುವುದು, ನಾನು ಸಹಿ ಹಾಕದಿರುವುದು ಎಂದು ತೀರ್ಮಾನ. ಗಾಳಿಯ ದಿಕ್ಕು ನೋಡಿ ದಿನ ಗೊತ್ತುಮಾಡುತ್ತಾರಂತೆ. ಸೋಮವಾರ ಉದ್ಯಾನಕ್ಕೆ ಫೋನ್ ಮಾಡಿ, ಹಿಂದಿನ ದಿನವೇ ತಿಳಿಸುವ ವ್ಯವಸ್ಥೆ ಇದೆಯೇ ಎಂದು ಕೇಳಬೇಕು.