ಯಾವ ಮನೆಯ ಮಗಳು?

2022ರ ನವೆಂಬರ್ ತಿಂಗಳ ಒಂದು ಸಂಜೆ. ಗೌರಿಬಿದನೂರಿನಿಂದ ಬಸ್ಸಿನಲ್ಲಿ ಬಂದ ನನ್ನ ಅಣ್ಣನ ಮಗಳು ಚಿಕ್ಕಬಳ್ಳಾಪುರದ ನಮ್ಮ ಮನೆಯ ಹೊಸ್ತಿಲ ಬಳಿ ನಿಂತು, "ಅತ್ತೆ, ಪಟ್ಟಿಯಲ್ಲಿ ನನ್ನ ಹೆಸರಿಲ್ಲ" ಎಂದಷ್ಟೇ ಹೇಳಿ ಅಳತೊಡಗಿದಳು. ಮೂವತ್ತು ವರ್ಷ ಮಕ್ಕಳಿಗೆ ಪಾಠ ಹೇಳಿದ ನನಗೆ ಆ ಹೊತ್ತಿನಲ್ಲಿ ಸಮಾಧಾನದ ಒಂದು ಮಾತೂ ಹೊಳೆಯಲಿಲ್ಲ.

ನನ್ನ ಅಣ್ಣ ಶಿಡ್ಲಘಟ್ಟದಲ್ಲಿ ರೇಷ್ಮೆ ನೂಲು ಬಿಚ್ಚುವ ಕೂಲಿಯವನು. ಕುದಿಯುವ ನೀರಿನಲ್ಲಿ ಗೂಡು ಬೆಂದಂತೆ ಅವನ ಬೆರಳುಗಳೂ ಬೆಂದಿವೆ. ಆ ಬೆರಳುಗಳ ದುಡಿಮೆಯಿಂದಲೇ ಮಗಳು ಬಿ.ಎಡ್. ಮುಗಿಸಿದಳು, ಟಿಇಟಿ ತೇರ್ಗಡೆಯಾದಳು. ಆರರಿಂದ ಎಂಟನೆಯ ತರಗತಿಗಳಿಗೆ 15,000 ಪದವೀಧರ ಪ್ರಾಥಮಿಕ ಶಿಕ್ಷಕರನ್ನು ನೇಮಿಸಲು ಸರ್ಕಾರವು 2022ರಲ್ಲಿ ಅರ್ಜಿ ಕರೆದಾಗ ಪರೀಕ್ಷೆ ಬರೆದಳು. ಕರ್ನಾಟಕದಲ್ಲಿ ಕ್ರೈಸ್ತರು ಹಿಂದುಳಿದ ವರ್ಗಗಳ ಪ್ರವರ್ಗ 3ಬಿಗೆ ಸೇರುತ್ತಾರೆ. ಅದರ ಸೌಲಭ್ಯಕ್ಕೆ ಜಾತಿ ಮತ್ತು ಆದಾಯ ಪ್ರಮಾಣಪತ್ರ ಬೇಕು. ಆಕೆ ತಂದೆಯ ಆದಾಯವನ್ನು ತೋರಿಸುವ ಪತ್ರವನ್ನು ಲಗತ್ತಿಸಿದ್ದಳು. ಆದರೆ ಆ ವೇಳೆಗೆ ಆಕೆಗೆ ಮದುವೆಯಾಗಿತ್ತು. ವಿವಾಹಿತೆ ಗಂಡನ ಆದಾಯವನ್ನು ತೋರಿಸಬೇಕಿತ್ತೆಂಬ ಕಾರಣದಿಂದ ಇಂಥ ಹಲವು ಮಹಿಳೆಯರನ್ನು ಮೀಸಲಾತಿಯಿಂದ ಸಾಮಾನ್ಯ ವರ್ಗಕ್ಕೆ ಸರಿಸಲಾಯಿತು. ಅಲ್ಲಿ ಅವಳ ಅಂಕಗಳು ಸಾಲಲಿಲ್ಲ.

"ಅತ್ತೆ, ನಾನು ಓದಿದ್ದು ಅಪ್ಪನ ಮನೆಯ ದೀಪದಲ್ಲಿ. ಈಗ ನಾನು ಯಾವ ಮನೆಯ ಮಗಳು?" ಎಂದು ಆಕೆ ಕೇಳಿದಳು.

ಈ ಪ್ರಶ್ನೆ ಹೊಸದಲ್ಲ. ನೆರೆಯ ಕೇರಳದಲ್ಲಿ, ಕೊಚ್ಚಿನ್ ವಿಶ್ವವಿದ್ಯಾಲಯದ ಉಪನ್ಯಾಸಕ ಹುದ್ದೆಯೊಂದು ಲ್ಯಾಟಿನ್ ಕಥೋಲಿಕರಿಗೆ ಮೀಸಲಾಗಿತ್ತು. ಮುಂದುವರಿದ ಸಿರಿಯನ್ ಕಥೋಲಿಕ ಕುಟುಂಬದಲ್ಲಿ ಹುಟ್ಟಿ ಲ್ಯಾಟಿನ್ ಕಥೋಲಿಕರನ್ನು ವರಿಸಿದ ಮಹಿಳೆಯೊಬ್ಬರು ಅದಕ್ಕೆ ಆಯ್ಕೆಯಾದರು. 1996ರಲ್ಲಿ ಸರ್ವೋಚ್ಚ ನ್ಯಾಯಾಲಯವು ಆಕೆ ಗಂಡನ ಕುಟುಂಬದ ಸದಸ್ಯೆಯೆಂಬುದನ್ನು ಒಪ್ಪಿತು. ಆದರೆ ಹುಟ್ಟಿನಿಂದ ಹಿಂದುಳಿದಿರುವಿಕೆಯ ಕಷ್ಟವನ್ನು ಉಣ್ಣದವರಿಗೆ ಮದುವೆಯಿಂದ ಮೀಸಲಾತಿಯ ಹಕ್ಕು ಬಾರದೆಂದು ತೀರ್ಮಾನಿಸಿತು. ಮದುವೆಯಿಂದ ಹಿಂದುಳಿದಿರುವಿಕೆ ಬರುವುದಿಲ್ಲವಾದರೆ, ಮದುವೆಯಿಂದ ಅದು ತೊಲಗುವುದಾದರೂ ಹೇಗೆ? ನನ್ನ ಸೊಸೆಯ ಅಳಲಿನಲ್ಲಿ ಅಡಗಿದ್ದ ಪ್ರಶ್ನೆ ಇದೇ.

2023ರ ಜನವರಿ 30ರಂದು ರಾಜ್ಯ ಉಚ್ಚ ನ್ಯಾಯಾಲಯದ ಏಕಸದಸ್ಯ ಪೀಠವು ತಾತ್ಕಾಲಿಕ ಪಟ್ಟಿಯನ್ನು ರದ್ದುಗೊಳಿಸಿ, ವಿವಾಹಿತೆಯರಿಗೂ ತಂದೆ-ತಾಯಿಯ ಆದಾಯವನ್ನೇ ಪರಿಗಣಿಸಬೇಕೆಂದಿತು. ಮಾರ್ಚ್ 8ರ ಅಂತಿಮ ಪಟ್ಟಿಯಲ್ಲಿ ಆಕೆಯ ಹೆಸರಿತ್ತು. ಅಣ್ಣ ಫೋನಿನಲ್ಲಿ ಮಾತನಾಡಲಾರದೆ ಬಿಕ್ಕಿದ. ಆ ಭಾನುವಾರ ನಾನು ದೇವಾಲಯದಲ್ಲಿ ಮೇಣದಬತ್ತಿ ಹಚ್ಚಿ ಕೃತಜ್ಞತೆಯ ಪೂಜೆಗೆ ಕಾಣಿಕೆ ಕೊಟ್ಟೆ.

ಅದೇ ವಾರ ಚಿಂತಾಮಣಿಯ ನನ್ನ ಹಳೆಯ ವಿದ್ಯಾರ್ಥಿ ಮನೆಗೆ ಬಂದ. ಟೊಮೇಟೊ ತೋಟಗಳಲ್ಲಿ ಕೂಲಿ ಮಾಡುವ ತಾಯಿಯ ಒಬ್ಬನೇ ಮಗ. "ಟೀಚರ್, ಮೊದಲ ಪಟ್ಟಿಯಲ್ಲಿ ನನ್ನ ಹೆಸರಿತ್ತು. ಬೀದಿಯವರಿಗೆಲ್ಲ ಅಮ್ಮ ಸಿಹಿ ಹಂಚಿದ್ದರು. ಈಗ ಇಲ್ಲ" ಎಂದ. ಅವನದೂ ಅದೇ ಪ್ರವರ್ಗ. ನನ್ನ ಸೊಸೆಗೆ ದೊರೆತ ಸ್ಥಾನವೇ ಅವನು ಕಳೆದುಕೊಂಡದ್ದೆಂದು ಹೇಳಲಾರೆ. ಆದರೂ ಅವನ ಕೈಗೆ ಕಾಫಿ ಲೋಟ ಕೊಡುವಾಗ ನನ್ನ ಕೈ ನಡುಗಿತು. ನಾನು ಹಚ್ಚಿದ ಮೇಣದಬತ್ತಿಯ ಬೆಳಕು ಇವನ ಮನೆಯಲ್ಲಿ ಕತ್ತಲಾಗಿತ್ತಲ್ಲವೇ? ಅವನು ಯಾವ ತಪ್ಪು ಮಾಡಿದ್ದ? ಇವಳಾದರೂ ಯಾವ ತಪ್ಪು ಮಾಡಿದ್ದಳು? ನನ್ನ ಸೊಸೆಯ ವಿಷಯವನ್ನು ಅವನಿಗೆ ಹೇಳುವ ಧೈರ್ಯ ಅಂದು ನನಗೆ ಬರಲಿಲ್ಲ.

ಪ್ರತಿಭೆ ಮತ್ತು ಮೀಸಲಾತಿ ಎಂದೊಡನೆ ನಾವು ಎರಡು ಪಂಗಡಗಳ ಜಗಳವನ್ನು ಕಲ್ಪಿಸಿಕೊಳ್ಳುತ್ತೇವೆ. ಮೀಸಲಾತಿ ಪಡೆದವರಿಗೆ ಪ್ರತಿಭೆಯಿಲ್ಲವೆಂದು ಸುಲಭವಾಗಿ ಆಡಿಬಿಡುತ್ತೇವೆ. ಆದರೆ ಸಾಮಾನ್ಯ ವರ್ಗವೆಂಬುದು ಯಾರೊಬ್ಬರ ಮೀಸಲೂ ಅಲ್ಲ. ಸ್ವಂತ ಅಂಕಗಳಿಂದ ಅಲ್ಲಿ ಸ್ಥಾನ ಗಳಿಸಿದ ಹಿಂದುಳಿದವರನ್ನು ಮೀಸಲು ಲೆಕ್ಕಕ್ಕೆ ಹಾಕಬಾರದೆಂದು 1992ರ ಮಂಡಲ್ ತೀರ್ಪೇ ಹೇಳಿದೆ. ನಮ್ಮ ಈ ಇಬ್ಬರೂ ಒಂದೇ ಪರೀಕ್ಷೆ ಬರೆದವರು; ಇಬ್ಬರೂ ಬಡವರ ಮಕ್ಕಳು. ಅವರನ್ನು ಎದುರುಬದುರು ನಿಲ್ಲಿಸಿದ್ದು ಪ್ರತಿಭೆಯೂ ಅಲ್ಲ, ಮೀಸಲಾತಿಯೂ ಅಲ್ಲ. ಅರ್ಜಿ ಕರೆಯುವ ಮುನ್ನವೇ ಎಲ್ಲರಿಗೂ ತಿಳಿಯುವಂತೆ ಇತ್ಯರ್ಥವಾಗಬೇಕಿದ್ದ ಒಂದು ಪ್ರಶ್ನೆ, ಪಟ್ಟಿ ಹೊರಬಿದ್ದ ಮೇಲೆ ನ್ಯಾಯಾಲಯದ ಮೆಟ್ಟಿಲೇರಿದ್ದೇ ಅದಕ್ಕೆ ಕಾರಣ.

2023ರ ಅಕ್ಟೋಬರ್‌ನಲ್ಲಿ ವಿಭಾಗೀಯ ಪೀಠವು ಏಕಸದಸ್ಯ ಪೀಠದ ಆದೇಶವನ್ನು ತಳ್ಳಿಹಾಕಿ, ಇಂಥ ವ್ಯಾಜ್ಯ ಮೊದಲು ರಾಜ್ಯ ಆಡಳಿತ ನ್ಯಾಯಮಂಡಳಿಗೆ ಹೋಗಬೇಕೆಂದಿತು. ಶಾಲೆಗಳಲ್ಲಿ ಪಾಠ ನಿಲ್ಲಬಾರದೆಂದು 13,352 ಹುದ್ದೆಗಳನ್ನು ತುಂಬಲು ದಾರಿಯನ್ನೂ ಮಾಡಿಕೊಟ್ಟಿತು. 2025ರ ಅಕ್ಟೋಬರ್‌ನಲ್ಲಿ ಸರ್ವೋಚ್ಚ ನ್ಯಾಯಾಲಯವೂ ನ್ಯಾಯಮಂಡಳಿಯೇ ಮೊದಲ ಬಾಗಿಲೆಂದು ಎತ್ತಿಹಿಡಿಯಿತು. ಮೂರು ವರ್ಷಗಳ ತರುವಾಯ ಕಡತ ಮೊದಲ ಮೆಟ್ಟಿಲಿಗೆ ಮರಳಿತ್ತು. ಆ ದಿನ ನನ್ನ ಸೊಸೆ ಅತಿಥಿ ಶಿಕ್ಷಕಿಯಾಗಿ ಪಾಠ ಹೇಳುತ್ತಿದ್ದಳು. ಆ ಹುಡುಗ ಚಿಂತಾಮಣಿಯಲ್ಲಿ ಮನೆಪಾಠ ಮಾಡುತ್ತಿದ್ದ.

ನ್ಯಾಯಾಲಯಗಳು ಕಾನೂನಿನ ದಾರಿಯಲ್ಲೇ ನಡೆಯಬೇಕು. ಅದನ್ನು ನಾನು ದೂರುವುದಿಲ್ಲ. ಆದರೆ ಈ ಮೂರು ವರ್ಷಗಳಲ್ಲಿ ಆರನೆಯ ತರಗತಿಯ ಮಗು ಎಂಟನ್ನು ದಾಟಿ ಹೋಗಿರುತ್ತದೆ. ಖಾಲಿ ಉಳಿದ ಕುರ್ಚಿಯ ಮುಂದೆ ಕುಳಿತಿದ್ದ ಆ ಮಗುವಿಗೆ ಯಾವ ತೀರ್ಪೂ ಆ ವರ್ಷಗಳನ್ನು ಹಿಂದಿರುಗಿಸಲಾರದು.

ನಮ್ಮದು ದ್ರಾಕ್ಷಿ ಬೆಳೆಯುವ ಸೀಮೆ. ಆದ್ದರಿಂದಲೋ ಏನೋ, ಶುಭಸಂದೇಶದ ದ್ರಾಕ್ಷಿ ತೋಟದ ಸಾಮತಿ ನನ್ನನ್ನು ಸದಾ ಕಾಡುತ್ತದೆ. ಬೆಳಗಿನಿಂದ ದುಡಿದವರಿಗೂ ಸಂಜೆಗೆ ಬಂದವರಿಗೂ ಯಜಮಾನನು ಒಂದೇ ಕೂಲಿ ಕೊಟ್ಟದ್ದು ನಮಗೆಲ್ಲ ನೆನಪಿದೆ. ಅವನು ಸಂಜೆಯ ಹೊತ್ತಿನಲ್ಲೂ ಪೇಟೆಬೀದಿಗೆ ಹೋಗಿ, ಅಲ್ಲಿ ನಿಂತಿದ್ದವರನ್ನು ಏಕೆ ನಿಂತಿದ್ದೀರೆಂದು ವಿಚಾರಿಸಿದ್ದನ್ನು ನಾವು ಮರೆಯುತ್ತೇವೆ. ಅವರು ಸೋಮಾರಿಗಳಾಗಿರಲಿಲ್ಲ, ಅವರನ್ನು ಯಾರೂ ಕೆಲಸಕ್ಕೆ ಕರೆದಿರಲಿಲ್ಲ.

ಪ್ರಿಯ ಓದುಗರೇ, ನಿಮ್ಮ ಧರ್ಮಕೇಂದ್ರದಲ್ಲೂ ಹೀಗೆ ಕಾದು ನಿಂತ ಯುವಜನರಿರಬಹುದು. ಪ್ರಮಾಣಪತ್ರದ ನಿಯಮವನ್ನು ಮೊದಲೇ ಓದಿ ತಿಳಿಸುವ ಒಬ್ಬರು ಹಿರಿಯರು ದೊರೆತರೆ ಎಷ್ಟೋ ಕಣ್ಣೀರು ತಪ್ಪೀತು. ನಾನೀಗ ಶನಿವಾರಗಳಂದು ಆ ಕೆಲಸ ಮಾಡುತ್ತಿದ್ದೇನೆ. ನನ್ನ ಸೊಸೆಯ ವಿಷಯವನ್ನು ಚಿಂತಾಮಣಿಯ ಆ ಹುಡುಗನಿಗೆ ಕೊನೆಗೂ ಹೇಳಿದೆ. ಅವನು ಸ್ವಲ್ಪ ಹೊತ್ತು ಸುಮ್ಮನಿದ್ದು, "ಅಕ್ಕನಿಗಾದರೂ ಬೇಗ ಆದೇಶ ಬರಲಿ, ಟೀಚರ್" ಎಂದ. ಈಗ ದೇವಾಲಯದಲ್ಲಿ ನಾನು ಎರಡು ಮೇಣದಬತ್ತಿ ಹಚ್ಚುತ್ತೇನೆ.