ಸೊಂಟದೊಳಗಿನ ಕಲೆ

ದೇರಾದಲ್ಲಿ ಸೊಂಟ ನೋವು ಇಲ್ಲದವರನ್ನು ಹುಡುಕುವುದು ಕಷ್ಟ. ಮುರ್ಷಿದ್ ಬಜಾರಿನಲ್ಲಿ ಬಟ್ಟೆಯ ಬೇಲು ಎಳೆಯುವವರು, ಅಲ್ ರಾಸ್‌ನ ಗೋದಾಮುಗಳಲ್ಲಿ ಮೂಟೆ ಎತ್ತುವವರು, ಗ್ರೋಸರಿಯಿಂದ ಐದು ಗ್ಯಾಲನ್ ನೀರಿನ ಬಾಟಲಿ ಹೆಗಲ ಮೇಲಿಟ್ಟು ಫ್ಲಾಟಿನಿಂದ ಫ್ಲಾಟಿಗೆ ಮುಟ್ಟಿಸುವವರು, ಟ್ಯಾಕ್ಸಿಯ ಸೀಟಿನಲ್ಲೇ ದಿನ ಕಳೆಯುವವರು, ಕೆಫೆಟೇರಿಯಾದಲ್ಲಿ ಬೆಳಗಿನಿಂದ ನಿಂತೇ ಇರುವವರು, ಎಲ್ಲರಿಗೂ ಒಂದಲ್ಲ ಒಂದು ದಿನ ಸೊಂಟ ಹಿಡಿಯುತ್ತದೆ. ಮುಲಾಮು ಹಚ್ಚಿ, ಪನಡಾಲ್ ನುಂಗಿ, ಮರುದಿನ ಡ್ಯೂಟಿಗೆ ಹೋಗುತ್ತೇವೆ. ಅದು ಎಲ್ಲರಿಗೂ ಗೊತ್ತಿರುವ ನೋವು. ನಾವಿಲ್ಲಿ ಬರೆಯಹೊರಟದ್ದು ಸೊಂಟದ ಆಪರೇಷನ್ ಆದ ಮೇಲೂ ಉಳಿಯುವ ನೋವಿನ ಬಗ್ಗೆ. ಅದರ ಬಗ್ಗೆ ಮಾತನಾಡುವವರು ಕಡಿಮೆ.

ನಾವು ಮೂವರು. ಕುಂದಾಪುರದ ಕಡೆಯವರೊಬ್ಬರು, ಪುತ್ತೂರಿನ ಕಡೆಯವರೊಬ್ಬರು, ಹುಬ್ಬಳ್ಳಿಯ ಕಡೆಯವರೊಬ್ಬರು. ಗ್ರೋಸರಿ, ಟ್ಯಾಕ್ಸಿ, ಗೋದಾಮು, ಹೀಗೆ ಮೂರು ಬೇರೆ ಬೇರೆ ಕೆಲಸ. ಒಬ್ಬರಿಗೆ ಆಪರೇಷನ್ ಆದದ್ದು ಇಲ್ಲಿಯೇ, ಇಬ್ಬರಿಗೆ ರಜೆಯಲ್ಲಿ ಊರಿಗೆ ಹೋದಾಗ. ಮೂವರ ಬೆನ್ನಿನ ಕೆಳಭಾಗದಲ್ಲೂ ಒಂದೇ ತರಹದ, ಬೆರಳುದ್ದದ ಗಾಯದ ಗುರುತಿದೆ. ನಮ್ಮ ಪರಿಚಯವಾದದ್ದು ನಾಯಿಫ್ ಕಡೆಯ ಒಂದು ಫಿಸಿಯೋಥೆರಪಿ ಕ್ಲಿನಿಕ್ಕಿನ ಬೆಂಚಿನ ಮೇಲೆ. ಕನ್ನಡದಲ್ಲಿ ಫೋನ್ ಮಾಡುತ್ತಿದ್ದುದು ಕೇಳಿ ಒಬ್ಬರು, "ನಿಮ್ಮದು ಯಾವ ಊರಾಯ್ತು?" ಎಂದರು. ಅಲ್ಲಿಂದ ಶುರು.

ಮೂವರ ಕಥೆಯೂ ಹೆಚ್ಚುಕಡಿಮೆ ಒಂದೇ. ಬೆನ್ನುಮೂಳೆಯ ಎರಡು ಮಣಿಗಳ ನಡುವೆ ಇರುವ ಮೆತ್ತೆ, ಅಂದರೆ ಡಿಸ್ಕ್, ಹೊರಗೆ ಚಾಚಿ ಕಾಲಿಗೆ ಇಳಿಯುವ ನರವನ್ನು ಒತ್ತಿತ್ತು. ಪೃಷ್ಠದಿಂದ ಹಿಮ್ಮಡಿಯವರೆಗೆ ಕರೆಂಟ್ ಹೊಡೆದಂಥ ನೋವು. ಇದಕ್ಕೆ ಸಯಾಟಿಕಾ ಅನ್ನುತ್ತಾರೆ. ಹೆಚ್ಚಿನವರಿಗೆ ಆಪರೇಷನ್ ಇಲ್ಲದೆಯೇ ಕೆಲವು ವಾರಗಳಲ್ಲಿ ಇದು ಇಳಿಯುತ್ತದೆ. ನಮಗೆ ಇಳಿಯಲಿಲ್ಲ. ಕೊನೆಗೆ ಹೊರಬಂದ ಡಿಸ್ಕಿನ ಚೂರನ್ನು ತೆಗೆದರು. ಎಚ್ಚರವಾದಾಗ ಕಾಲಿನ ನೋವು ಸ್ವಿಚ್ ಆರಿಸಿದ ಹಾಗೆ ಹೋಗಿತ್ತು. ಆ ಸಂತೋಷ ಹೇಳತೀರದು. ಊರಿಗೆ ಫೋನ್ ಮಾಡಿ, "ಎಲ್ಲ ಸರಿಯಾಯ್ತು, ಇನ್ನು ಚಿಂತೆ ಇಲ್ಲ" ಎಂದೆವು.

ಮೂರು ನಾಲ್ಕು ತಿಂಗಳು ಕಳೆಯುವಷ್ಟರಲ್ಲಿ ಅದೇ ಕಾಲು, ಅದೇ ದಾರಿ, ಅದೇ ನೋವು ಮರಳಿ ಬಂತು. ಮೊದಲಿನಷ್ಟು ಚುರುಕಲ್ಲ, ಆದರೆ ಉರಿ ಜಾಸ್ತಿ, ಜೋಮು ಜಾಸ್ತಿ. ರಾತ್ರಿ ಹಾಸಿಗೆಯ ಬಟ್ಟೆ ತಾಗಿದರೂ ಕಾಲು ಸುಡುತ್ತಿತ್ತು.

ಒಳಗೆ ಏನಾಗಿರುತ್ತದೆ ಎನ್ನುವುದನ್ನು ನಾವು ಡಾಕ್ಟರರಿಂದ ಕೇಳಿ ತಿಳಿದುಕೊಂಡ ಹಾಗೆ ಹೇಳುತ್ತೇವೆ. ಚರ್ಮ ಕೊಯ್ದರೆ ಹೊರಗೆ ಕಲೆ ಆಗುವಂತೆ ಒಳಗೂ ಕಲೆ ಆಗುತ್ತದೆ. ಆಪರೇಷನ್ನಿನಲ್ಲಿ ಸ್ವಲ್ಪ ಮೂಳೆ ಕೆರೆದು, ನರವನ್ನು ಬದಿಗೆ ಸರಿಸಿ, ಡಿಸ್ಕಿನ ಚೂರು ತೆಗೆಯುತ್ತಾರೆ. ಅಲ್ಲಿ ರಕ್ತ ಜಿನುಗಿ ಹೆಪ್ಪುಗಟ್ಟುತ್ತದೆ. ಆ ಹೆಪ್ಪಿನೊಳಗೆ ದೇಹವು ನಾರು ನೇಯಲು ತೊಡಗುತ್ತದೆ. ವಾರಗಳು ಕಳೆದಂತೆ ಅದು ಗಟ್ಟಿಯಾದ ಪೊರೆಯಾಗುತ್ತದೆ. ಡಾಕ್ಟರರು ಇದನ್ನು ಎಪಿಡ್ಯೂರಲ್ ಫೈಬ್ರೋಸಿಸ್ ಎನ್ನುತ್ತಾರೆ.

ಆರೋಗ್ಯವಂತ ನರ ಒಂದೇ ಜಾಗದಲ್ಲಿ ಬಿಗಿದುಕೊಂಡು ಇರುವುದಿಲ್ಲ. ನಾವು ಬಾಗಿದಾಗ, ಕಾಲು ನೀಟಾಗಿ ಎತ್ತಿದಾಗ, ಅದು ತನ್ನ ಕಂಡಿಯೊಳಗೆ ಕೆಲವು ಮಿಲಿಮೀಟರ್ ಹಿಂದೆ ಮುಂದೆ ಜಾರುತ್ತದೆ. ಕಲೆಯ ನಾರು ನರವನ್ನು ಸುತ್ತಿ ಅಕ್ಕಪಕ್ಕಕ್ಕೆ ಅಂಟಿಸಿಬಿಟ್ಟರೆ ಆ ಜಾರುವಿಕೆ ಇಲ್ಲವಾಗುತ್ತದೆ. ಪ್ರತಿ ಹೆಜ್ಜೆಗೂ ನರ ಜಗ್ಗುತ್ತದೆ. ಕ್ರೀಕಿನಲ್ಲಿ ಕಟ್ಟಿಹಾಕಿದ ಧೋನಿಯ ಹಗ್ಗ ಉದ್ದವಿದ್ದರೆ ಅಲೆ ಬಂದಾಗ ಧೋನಿ ತೇಲುತ್ತದೆ, ಗಿಡ್ಡವಿದ್ದರೆ ಪ್ರತಿ ಅಲೆಗೂ ಹಗ್ಗ ಎಳೆಯುತ್ತದೆ. ನಮ್ಮ ಕಾಲಿನ ನರದ ಪಾಡು ಈ ಎರಡನೆಯದು.

ಹಾಗಂತ ಕಲೆ ಆದವರಿಗೆಲ್ಲ ನೋವಿರುವುದಿಲ್ಲ. ಸೊಂಟದ ಆಪರೇಷನ್ ಆದ ಬಹುಪಾಲು ಎಲ್ಲರಲ್ಲೂ ಒಳಗೆ ಕಲೆ ಇರುತ್ತದೆ, ಅವರಲ್ಲಿ ಹೆಚ್ಚಿನವರು ಆರಾಮಾಗಿ ಓಡಾಡುತ್ತಾರೆ. ಆದ್ದರಿಂದ ಸ್ಕ್ಯಾನಿನಲ್ಲಿ ಕಲೆ ಕಂಡಿತು ಎಂದ ಮಾತ್ರಕ್ಕೆ ನೋವಿಗೆ ಅದೇ ಕಾರಣ ಎಂದು ಹೇಳಲು ಬರುವುದಿಲ್ಲ. ಈ ಮಾತು ನಮಗೆ ಅರ್ಥವಾಗಲು ಬಹಳ ದಿನ ಹಿಡಿಯಿತು.

ಇದು ಹೊಸ ಸಮಸ್ಯೆಯೂ ಅಲ್ಲ. ಜಾರಿದ ಡಿಸ್ಕೇ ಕಾಲಿನ ನೋವಿಗೆ ಕಾರಣ, ಅದನ್ನು ತೆಗೆದರೆ ವಾಸಿಯಾಗುತ್ತದೆ ಎಂದು ಅಮೆರಿಕದ ಬಾಸ್ಟನ್ನಿನ ಡಾಕ್ಟರುಗಳಾದ ಮಿಕ್ಸ್‌ಟರ್ ಮತ್ತು ಬಾರ್ 1934ರಲ್ಲಿ ಬರೆದರು. ಆಮೇಲೆ ಪ್ರಪಂಚದ ಎಲ್ಲೆಡೆ ಈ ಆಪರೇಷನ್ ಹಬ್ಬಿತು. 1974ರಲ್ಲಿ ಲಾರೋಕಾ ಮತ್ತು ಮ್ಯಾಕ್ನಬ್ ಎಂಬ ಡಾಕ್ಟರುಗಳು ಆಪರೇಷನ್ ಆದ ಜಾಗದಲ್ಲಿ ಬೆಳೆಯುವ ಈ ಪೊರೆಯನ್ನು ನಾಯಿಗಳಲ್ಲಿ ಅಭ್ಯಾಸ ಮಾಡಿ ವಿವರಿಸಿದರು. ಆಪರೇಷನ್ ಆದ ಮೇಲೂ ಉಳಿಯುವ ನೋವಿಗೆ ಇಂಗ್ಲಿಷಿನಲ್ಲಿ ಬಹಳ ಕಾಲ "ಫೇಲ್ಡ್ ಬ್ಯಾಕ್ ಸರ್ಜರಿ" ಎಂಬ ಹೆಸರೇ ನಡೆದು ಬಂತು. ಆ ಹೆಸರು ಕೇಳಿದರೆ ಯಾರೋ ತಪ್ಪು ಮಾಡಿದ್ದಾರೆ ಅನ್ನಿಸುತ್ತದೆ. ಡಾಕ್ಟರ್ ಕೈತಪ್ಪು ಮಾಡಿರಬೇಕು, ಇಲ್ಲವೇ ರೋಗಿ ಪಥ್ಯ ಮುರಿದಿರಬೇಕು. ಎಷ್ಟೋ ಸಲ ಎರಡೂ ಆಗಿರುವುದಿಲ್ಲ. ದೇಹ ತನ್ನ ಗಾಯವನ್ನು ತಾನು ಮುಚ್ಚಿಕೊಂಡ ರೀತಿ ಅದು, ಅಷ್ಟೇ.

ನಮ್ಮಲ್ಲಿ ಗೋದಾಮಿನವರಿಗೆ ಊರಿನ ಒಂದು ಆಸ್ಪತ್ರೆಯಲ್ಲಿ, "ಇನ್ನೊಮ್ಮೆ ಓಪನ್ ಮಾಡಿ ನೋಡೋಣ" ಎಂದಿದ್ದರು. ಅವರ ಹೆಂಡತಿ ಒಡವೆ ಅಡವಿಡಲು ಸಿದ್ಧವಾಗಿದ್ದರು. ಮಗಳ ಪಿಯುಸಿ ಫೀಸಿಗೆಂದು ಇಟ್ಟ ಹಣವೂ ಅದಕ್ಕೇ ಹೋಗುವುದಿತ್ತು. ಹಣ ಕಟ್ಟುವ ಮೊದಲು ಇನ್ನೊಬ್ಬ ನರರೋಗ ಸರ್ಜನ್ನರಿಗೆ ತೋರಿಸಿದರು. ಅವರು ಮೊದಲು ಕೇಳಿದ್ದು, "ಕಾಂಟ್ರಾಸ್ಟ್ ಹಾಕಿ ಎಂಆರ್‌ಐ ಮಾಡಿಸಿದ್ದೀರಾ?" ಎಂದು.

ಈ ಪ್ರಶ್ನೆಯನ್ನು ಎಲ್ಲರೂ ನೆನಪಿಡಬೇಕು. ಸಾದಾ ಎಂಆರ್‌ಐಯಲ್ಲಿ ಕಲೆ ಮತ್ತು ಮತ್ತೆ ಜಾರಿದ ಡಿಸ್ಕ್ ಒಂದೇ ತರಹ ಕಾಣಬಹುದು. ರಕ್ತನಾಳಕ್ಕೆ ಗ್ಯಾಡೋಲಿನಿಯಂ ಎಂಬ ಔಷಧ ಕೊಟ್ಟು ಕೂಡಲೇ ಚಿತ್ರ ತೆಗೆದರೆ ವ್ಯತ್ಯಾಸ ಗೊತ್ತಾಗುತ್ತದೆ. ಕಲೆಯಲ್ಲಿ ರಕ್ತನಾಳಗಳಿರುವುದರಿಂದ ಅದು ಬೆಳ್ಳಗೆ ಹೊಳೆಯುತ್ತದೆ, ಡಿಸ್ಕಿನ ಚೂರಿನಲ್ಲಿ ಅವು ಇಲ್ಲದ್ದರಿಂದ ಅದು ಕಪ್ಪಾಗಿಯೇ ಉಳಿಯುತ್ತದೆ. ಕಿಡ್ನಿ ತೊಂದರೆ ಇದ್ದವರು ಮಾತ್ರ ಈ ಔಷಧ ತೆಗೆದುಕೊಳ್ಳುವ ಮೊದಲು ಹೇಳಲೇಬೇಕು.

ಗೋದಾಮಿನವರ ಚಿತ್ರದಲ್ಲಿ ಇದ್ದದ್ದು ಬರೀ ಕಲೆ. ಕಲೆಯನ್ನು ಕೊಯ್ದು ತೆಗೆದರೆ ಅದೇ ಜಾಗದಲ್ಲಿ ಮತ್ತೆ ಕಲೆ ಬೆಳೆಯುತ್ತದೆ, ಹಾಗಾಗಿ ಬರೀ ಕಲೆಗಾಗಿ ಮಾಡುವ ಎರಡನೇ ಆಪರೇಷನ್ನಿನಿಂದ ಲಾಭ ಸಿಗುವುದು ಕಡಿಮೆ ಎಂದು ಆ ಡಾಕ್ಟರ್ ಹೇಳಿದರು. ಒಡವೆ ಮನೆಯಲ್ಲೇ ಉಳಿಯಿತು. ಟ್ಯಾಕ್ಸಿಯವರ ಕಥೆ ಬೇರೆ. ಅವರ ಚಿತ್ರದಲ್ಲಿ ಡಿಸ್ಕ್ ನಿಜಕ್ಕೂ ಮತ್ತೆ ಜಾರಿತ್ತು. ಎರಡನೇ ಆಪರೇಷನ್ ಆಯಿತು, ಕಾಲಿನ ನೋವು ಮುಕ್ಕಾಲು ಪಾಲು ಹೋಯಿತು. ಆದ್ದರಿಂದ ಎರಡನೇ ಆಪರೇಷನ್ ಬೇಡವೇ ಬೇಡ ಎಂದು ನಾವು ಯಾರಿಗೂ ಹೇಳುವುದಿಲ್ಲ. ಯಾತಕ್ಕಾಗಿ ಎಂಬುದು ಖಚಿತವಾಗದೆ ಬೇಡ ಎನ್ನುತ್ತೇವೆ.

ಕಲೆಗೆ ಮದ್ದಿಲ್ಲವೇ? ಪೂರ್ತಿ ಕರಗಿಸುವ ಮದ್ದಿಲ್ಲ. ನೋವು ತಗ್ಗಿಸುವ ದಾರಿಗಳಿವೆ. ನರ ನಿಧಾನವಾಗಿ ಜಾರುವಂತೆ ಮಾಡುವ ವ್ಯಾಯಾಮಗಳನ್ನು ಫಿಸಿಯೋಥೆರಪಿಸ್ಟ್ ಕಲಿಸುತ್ತಾರೆ. ನರದ ಉರಿಗೆ ಬೇರೆಯೇ ಗುಳಿಗೆಗಳಿವೆ, ಸಾದಾ ನೋವಿನ ಮಾತ್ರೆ ಇದಕ್ಕೆ ಅಷ್ಟಾಗಿ ನಾಟುವುದಿಲ್ಲ. ನರದ ಸುತ್ತ ಸ್ಟೀರಾಯ್ಡ್ ಇಂಜೆಕ್ಷನ್ ಕೊಡುತ್ತಾರೆ. ಅಮೆರಿಕದ ಟೆಕ್ಸಾಸಿನ ಡಾಕ್ಟರ್ ಗಾಬೋರ್ ರಾಟ್ಸ್ 1980ರ ದಶಕದಲ್ಲಿ ಬೆಳೆಸಿದ ವಿಧಾನದಲ್ಲಿ ಸಪೂರ ಕೊಳವೆಯೊಂದನ್ನು ಕಲೆಯ ತನಕ ತೂರಿಸಿ ಔಷಧದಿಂದ ಅಂಟು ಬಿಡಿಸಲು ನೋಡುತ್ತಾರೆ. ಯಾವುದಕ್ಕೂ ಬಗ್ಗದ ನೋವಿಗೆ ಬೆನ್ನುಹುರಿಯ ಬಳಿ ಸಣ್ಣ ವಿದ್ಯುತ್ ತಂತಿ ಇಡುವುದೂ ಇದೆ. ಆದರೆ ಅದರ ಖರ್ಚು ನಮ್ಮಂಥವರ ಕೈಗೆ ಎಟುಕುವಂಥದ್ದಲ್ಲ. ನಮ್ಮ ಮಟ್ಟಿಗೆ ಹೆಚ್ಚು ಕೆಲಸಕ್ಕೆ ಬಂದದ್ದು ದಿನವೂ ನಡೆಯುವುದು. ಡ್ಯೂಟಿ ಮುಗಿದ ಮೇಲೆ ಕಾರ್ನಿಶ್ ಕಡೆ ಅರ್ಧ ಗಂಟೆ, ಬೇಸಿಗೆಯಲ್ಲಾದರೆ ಮಾಲಿನೊಳಗೆ. ಸಿಗರೇಟು ಸೇದುವವರಲ್ಲಿ ಡಿಸ್ಕ್ ಮತ್ತೆ ಜಾರುವುದು ಹೆಚ್ಚು ಎಂದು ಕೇಳಿದ ಮೇಲೆ ನಮ್ಮಲ್ಲೊಬ್ಬರು ಅದನ್ನೂ ಬಿಟ್ಟರು.

ಮಾತ್ರೆಯ ವಿಷಯದಲ್ಲಿ ಒಂದು ಎಚ್ಚರಿಕೆ. ಟ್ರಮಡಾಲ್, ಪ್ರೀಗಾಬಾಲಿನ್ ಇಂಥವನ್ನು ಊರಿನ ಡಾಕ್ಟರರು ಸೊಂಟ ನೋವಿಗೆ ಬರೆದುಕೊಡುತ್ತಾರೆ. ಈ ದೇಶದಲ್ಲಿ ಅವು ನಿಯಂತ್ರಿತ ಔಷಧಗಳು. ರಜೆ ಮುಗಿಸಿ ಬರುವಾಗ ಉಪ್ಪಿನಕಾಯಿ, ಹಪ್ಪಳದ ಜೊತೆ ಬ್ಯಾಗಿನಲ್ಲಿ ಹಾಕಿಕೊಂಡು ಬರುವಂಥದ್ದಲ್ಲ. ಹೊರಡುವ ಮೊದಲೇ ಇಲ್ಲಿನ ಸರ್ಕಾರದ ಜಾಲತಾಣದಲ್ಲಿ ಡಾಕ್ಟರ್ ಚೀಟಿ ಕೊಟ್ಟು ಅನುಮತಿ ಪಡೆಯಬೇಕು. ಗೆಳೆಯನಿಗೆಂದು ಬೇರೆಯವರ ಮಾತ್ರೆ ತರುವುದಂತೂ ಬೇಡವೇ ಬೇಡ. ಸೊಂಟ ನೋವಿನ ಗುಳಿಗೆಯಿಂದ ಜೈಲು ಸೇರುವ ಪ್ರಸಂಗ ಯಾರಿಗೂ ಬರಬಾರದು.

ಕಾನೂನಿನ ಕೆಲವು ಮಾತು. 2022ರ ಫೆಬ್ರವರಿಯಲ್ಲಿ ಜಾರಿಗೆ ಬಂದ ಯುಎಇ ಕಾರ್ಮಿಕ ಕಾನೂನಿನ ಪ್ರಕಾರ, ಪ್ರೊಬೇಷನ್ ಮುಗಿದವರಿಗೆ ವರ್ಷಕ್ಕೆ 90 ದಿನಗಳವರೆಗೆ ಕಾಯಿಲೆ ರಜೆ ಇದೆ. ಮೊದಲ 15 ದಿನ ಪೂರ್ತಿ ಸಂಬಳ, ಮುಂದಿನ 30 ದಿನ ಅರ್ಧ, ಉಳಿದ 45 ದಿನ ಸಂಬಳವಿಲ್ಲ. ಕೆಲಸದಲ್ಲಿ ಆದ ಗಾಯವಾದರೆ ಲೆಕ್ಕ ಬೇರೆ. ಚಿಕಿತ್ಸೆಯ ಖರ್ಚು ಮಾಲೀಕರದ್ದು, ಆರು ತಿಂಗಳವರೆಗೆ ಪೂರ್ತಿ ಸಂಬಳ, ಆಮೇಲೂ ವಾಸಿಯಾಗದಿದ್ದರೆ ಇನ್ನಾರು ತಿಂಗಳು ಅರ್ಧ ಸಂಬಳ. ಆದರೆ ಡಿಸ್ಕ್ ಜಾರಿದ್ದು ಕೆಲಸದಲ್ಲೇ ಎಂದು ಆಮೇಲೆ ತೋರಿಸಿಕೊಡುವುದು ಸುಲಭವಲ್ಲ. ಭಾರ ಎತ್ತುವಾಗ ಸೊಂಟ ಹಿಡಿದರೆ ಅಂದೇ ಸೂಪರ್‌ವೈಸರಿಗೆ ತಿಳಿಸಿ, ಅಂದೇ ಡಾಕ್ಟರರಿಗೆ ತೋರಿಸಿ, ಕಾಗದ ಇಟ್ಟುಕೊಳ್ಳಿ. ದುಬೈಯಲ್ಲಿ ಆರೋಗ್ಯ ವಿಮೆ ಮಾಡಿಸಬೇಕಾದದ್ದು 2013ರ ಕಾನೂನಿನಂತೆ ಕಂಪನಿಯ ಜವಾಬ್ದಾರಿ, ಅದರ ಹಣವನ್ನು ಸಂಬಳದಿಂದ ಮುರಿಯುವಂತಿಲ್ಲ. ಫಿಸಿಯೋಥೆರಪಿ ಎಷ್ಟು ಸಲ ಸಿಗುತ್ತದೆ ಎಂದು ಮೊದಲೇ ಕೇಳಿ. ಸಾದಾ ಪಾಲಿಸಿಗಳಲ್ಲಿ ಅದು ಬೇಗ ಮುಗಿದುಹೋಗುತ್ತದೆ. ಮುಗಿಯುವುದರೊಳಗೆ ವ್ಯಾಯಾಮಗಳನ್ನು ಕಲಿತುಕೊಂಡು ರೂಮಿನಲ್ಲಿ ಮುಂದುವರಿಸಬೇಕು.

ಇದೆಲ್ಲಕ್ಕಿಂತ ಕಷ್ಟವಾದದ್ದು ನಂಬಿಸುವುದು. ಪ್ಲಾಸ್ಟರ್ ಇಲ್ಲ, ಕುಂಟು ಇಲ್ಲ, ಹೊರಗಿನ ಗಾಯ ಒಣಗಿದೆ. ಸೂಪರ್‌ವೈಸರ್, "ಆಪರೇಷನ್ ಹೋ ಗಯಾ ನಾ ಭಾಯ್?" ಅನ್ನುತ್ತಾನೆ. ಮನೆಯಲ್ಲಿ, "ಆಪರೇಷನ್ ಆಗಿದೆಯಲ್ಲ, ಇನ್ನೆಂಥ ನೋವು ನಿಮಗೆ?" ಎಂಬ ಪ್ರಶ್ನೆ. ಅವರು ಪ್ರೀತಿಯಿಲ್ಲದೆ ಕೇಳುವುದಲ್ಲ. ಹೆದರಿಕೆಯಿಂದ ಕೇಳುವುದು. ಇಲ್ಲಿಂದ ಹಣ ಹೋಗುವುದು ನಿಂತರೆ ಅಲ್ಲಿ ಏನಾಗುತ್ತದೆ ಎಂದು ಅವರಿಗೂ ಗೊತ್ತು. ಗ್ರೋಸರಿಯವರು ಆರು ತಿಂಗಳು ವಿಡಿಯೋ ಕಾಲಿನಲ್ಲಿ ನಗುತ್ತಲೇ ಮಾತನಾಡಿದರು. ಕೊನೆಗೊಂದು ದಿನ ಡಾಕ್ಟರ್ ಬಿಡಿಸಿಕೊಟ್ಟ ಚಿತ್ರವನ್ನು ಕ್ಯಾಮೆರಾಕ್ಕೆ ಹಿಡಿದು, ನರ ಎಲ್ಲಿ, ಕಲೆ ಎಲ್ಲಿ ಎಂದು ತೋರಿಸಿದರು. ಅವರ ಅಮ್ಮ ನೋಡಿ, "ಇಷ್ಟು ದಿನ ಯಾಕೆ ಹೇಳ್ಲಿಲ್ಲ ಮಗಾ?" ಎಂದರಂತೆ.

ರೂಮಿನವರು ಮಾತ್ರ ಬೇಗ ಅರ್ಥ ಮಾಡಿಕೊಂಡರು. ಬಂಕಿನ ಕೆಳಗಿನ ಹಾಸಿಗೆ ಬಿಟ್ಟುಕೊಟ್ಟರು. ಮೆಸ್ಸಿನ ಅಕ್ಕಿ ಚೀಲ ತರುವ ಸರದಿಯಿಂದ ಬಿಡಿಸಿ ತರಕಾರಿ ಹೆಚ್ಚುವ ಕೆಲಸ ಕೊಟ್ಟರು. ಗ್ರೋಸರಿಯ ಮಾಲೀಕರೂ ಸ್ವಲ್ಪ ದಿನ ನೋಡಿ ಅವರನ್ನು ಡೆಲಿವರಿಯಿಂದ ಕೌಂಟರಿಗೆ ಹಾಕಿದರು. ಗೋದಾಮಿನವರಿಗೆ ಅಂಥ ಅವಕಾಶ ಸಿಗಲಿಲ್ಲ. ಕೆಲಸ ಬಿಟ್ಟು ಕಡಿಮೆ ಸಂಬಳಕ್ಕೆ ವಾಚ್‌ಮನ್ ಆಗಿದ್ದಾರೆ. ಊರಿನ ಮನೆಯ ಸ್ಲ್ಯಾಬ್ ಹಾಕುವುದು ಮುಂದೆ ಹೋಗಿದೆ. ಮಗಳು ಮಾತ್ರ ಕಾಲೇಜಿಗೆ ಹೋಗುತ್ತಿದ್ದಾಳೆ.

ಕೊನೆಗೆ, ತಡ ಮಾಡಬಾರದ ಸಂಗತಿಗಳು. ಪಾದ ಎತ್ತಲಾಗದೆ ಚಪ್ಪಲಿ ಎಳೆದುಕೊಂಡು ಹೋಗುವಂತಾದರೆ, ತೊಡೆಯ ಸಂದಿ ಮತ್ತು ಗುದದ ಸುತ್ತ ಸ್ಪರ್ಶ ತಿಳಿಯದಿದ್ದರೆ, ಮೂತ್ರ ಕಟ್ಟಿದರೆ ಅಥವಾ ತಿಳಿಯದೆ ಹೋದರೆ, ಡ್ಯೂಟಿ ಮುಗಿಯಲಿ ಎಂದು ಕಾಯಬೇಡಿ. ಆ ಕ್ಷಣವೇ ಆಸ್ಪತ್ರೆಯ ಎಮರ್ಜೆನ್ಸಿಗೆ ಹೋಗಿ. ಅಲ್ಲಿ ಗಂಟೆಗಳ ಲೆಕ್ಕ.

ಉಳಿದವರು, ನಮ್ಮ ಹಾಗೆ ಹಳೆ ನೋವಿನೊಂದಿಗೆ ದಿನ ದೂಡುವವರು, ಮಾತನಾಡಿ. ನಾವು ಮೂವರು ಈಗಲೂ ವಾರಕ್ಕೊಮ್ಮೆ ಅಬ್ರಾ ನಿಲ್ದಾಣದ ಹತ್ತಿರ ಸೇರುತ್ತೇವೆ. ಯಾರ ಸೊಂಟವೂ ಪೂರ್ತಿ ವಾಸಿಯಾಗಿಲ್ಲ. ನೋವು ಹತ್ತಕ್ಕೆ ಎಂಟಿದ್ದದ್ದು ಈಗ ಮೂರು ನಾಲ್ಕಕ್ಕೆ ಬಂದಿದೆ. ಅಷ್ಟರಲ್ಲಿ ಕೆಲಸ ಮಾಡಬಹುದು, ನಿದ್ದೆ ಮಾಡಬಹುದು, ಊರಿಗೆ ಹಣ ಕಳಿಸಬಹುದು. ನಾಲ್ಕನೆಯವರು ಯಾರಾದರೂ ಇದ್ದರೆ ಬನ್ನಿ, ಒಂದು ಕರಕ್ ಚಾ ಕುಡಿದು ನಿಧಾನವಾಗಿ ನಡೆಯೋಣ.